ವಂಶವಾಹಿ ತಿದ್ದುಪಡಿ: ಕ್ರಿಸ್ಪರ್-ಕ್ಯಾಸ್9
ಕ್ರಿಸ್ಪರ್ ತಂತ್ರದಲ್ಲಿ ಮಾರ್ಗದರ್ಶಿ ಆರ್‌ಎನ್‌ಎ ಗುರಿಯನ್ನು ಗುರುತಿಸುತ್ತದೆ, ಕ್ಯಾಸ್9 ಕಿಣ್ವ ಅಲ್ಲಿ ಡಿಎನ್‌ಎಯನ್ನು ಕತ್ತರಿಸುತ್ತದೆ. ಜೀವಕೋಶ ಅದನ್ನು ಮತ್ತೆ ಬೆಸೆಯುವಾಗ ಜೀನ್ ನಿಷ್ಕ್ರಿಯವಾಗಬಹುದು ಅಥವಾ ಬದಲಾಗಬಹುದು. ಒಂದೊಂದೇ ಜೀನನ್ನು ಹೀಗೆ ಸುಮ್ಮನಾಗಿಸಿ ಅದರ ಕೆಲಸ ಅರಿಯುವುದು ಸಂಶೋಧನೆಗಾದ ಲಾಭ. 2012ರಲ್ಲಿ ಈ ವಿಧಾನವನ್ನು ತೋರಿಸಿಕೊಟ್ಟ ಎಮ್ಯಾನುಯೆಲ್ ಶಾರ್ಪೆಂಟಿಯೆ, ಜೆನಿಫರ್ ಡೌಡ್ನಾ 2020ರ ರಸಾಯನಶಾಸ್ತ್ರ ನೊಬೆಲ್ ಪಡೆದರು. ಚಿಕಿತ್ಸೆಯಲ್ಲಿ ಇದರ ಬಲಕ್ಕೆ ಸಿಕಲ್ ಸೆಲ್ ರೋಗವೇ ಸಾಕ್ಷಿ: 2023ರ ನವೆಂಬರ್‌ನಲ್ಲಿ ಬ್ರಿಟನ್ ಅನುಮೋದಿಸಿದ ಕ್ಯಾಸ್ಜೆವಿ ಎಂಬ ಕ್ರಿಸ್ಪರ್ ಚಿಕಿತ್ಸೆ, ರೋಗಿಯ ರಕ್ತದ ಕಾಂಡಕೋಶಗಳಲ್ಲಿ ಬಿಸಿಎಲ್11ಎ ಜೀನಿನ ಚಟುವಟಿಕೆ ತಗ್ಗಿಸಿ ಭ್ರೂಣ ಹಿಮೋಗ್ಲೋಬಿನ್ ಹೆಚ್ಚಿಸುತ್ತದೆ.

ತಪ್ಪು ಜಾಗದಲ್ಲಿ ಕತ್ತರಿ ಬೀಳಬಹುದೆಂಬ ಆಕ್ಷೇಪ ನ್ಯಾಯವಾದುದೇ. ಆದರೆ ದೇಹಕೋಶದ ತಿದ್ದುಪಡಿಯ ಪರಿಣಾಮ ಆ ರೋಗಿಗಷ್ಟೇ ಸೀಮಿತ; ಭ್ರೂಣದ ತಿದ್ದುಪಡಿ ಮುಂದಿನ ಪೀಳಿಗೆಗೂ ಹರಿಯುತ್ತದೆ. ಆದ್ದರಿಂದ ಮೊದಲನೆಯದನ್ನು ಎಚ್ಚರದಿಂದ ಬೆಳೆಸಿ, ಎರಡನೆಯದನ್ನು ತಡೆಯುವುದೇ ಸರಿಯಾದ ನೀತಿ.