ನೈಟ್ರಿಕ್ ಆಮ್ಲ: ಬಾಟಲಿ ತೆರೆಯುವ ಮುನ್ನ, ಕೆಲಸ ಮುಗಿದ ಮೇಲೆ

ನೈಟ್ರಿಕ್ ಆಮ್ಲಕ್ಕೆ ಎರಡು ಗುಣ. ಒಂದು, ಹೈಡ್ರೋಕ್ಲೋರಿಕ್, ಸಲ್ಫ್ಯೂರಿಕ್‌ಗಳಂತೆ ಅದೂ ಪ್ರಬಲ ಆಮ್ಲ. ಇನ್ನೊಂದು, ಅದು ಪ್ರಬಲ ಉತ್ಕರ್ಷಣಕಾರಿ. ಎದುರಿಗೆ ಸಿಕ್ಕ ವಸ್ತುವಿನಿಂದ ಎಲೆಕ್ಟ್ರಾನುಗಳನ್ನು ಕಿತ್ತುಕೊಳ್ಳುತ್ತದೆ. ಮೊದಲ ಗುಣಕ್ಕೆ ಎಲ್ಲರೂ ಹೆದರುತ್ತಾರೆ, ಎರಡನೆಯದನ್ನು ಮರೆಯುತ್ತಾರೆ. ಕಾಲೇಜು ಪ್ರಯೋಗಾಲಯದಲ್ಲಾಗಲಿ ಅಕ್ಕಸಾಲಿಗರ ಕೋಣೆಯಲ್ಲಾಗಲಿ ಈ ಆಮ್ಲ ಕೈಕೊಡುವುದು ಆ ಮರೆವಿನಿಂದಲೇ.

ಅಮೋನಿಯಾವನ್ನು ಗಾಳಿಯೊಂದಿಗೆ ಬೆರೆಸಿ ಕಾದ ಪ್ಲಾಟಿನಂ-ರೋಡಿಯಂ ಜಾಲರಿಯ ಮೇಲೆ ಹಾಯಿಸಿ, ಹುಟ್ಟಿದ ನೈಟ್ರೋಜನ್ ಆಕ್ಸೈಡುಗಳನ್ನು ನೀರಿಗೆ ಹೀರಿಸಿದರೆ ನೈಟ್ರಿಕ್ ಆಮ್ಲ ಸಿಗುತ್ತದೆ. ವಿಲ್‌ಹೆಲ್ಮ್ ಓಸ್ಟ್ವಾಲ್ಡ್ 1902ರಲ್ಲಿ ಪೇಟೆಂಟ್ ಪಡೆದ ಈ ವಿಧಾನವೇ ಇಂದಿಗೂ ಬಳಕೆಯಲ್ಲಿದೆ. ತಯಾರಾದ ಆಮ್ಲದಲ್ಲಿ ಹೆಚ್ಚಿನ ಪಾಲು ಅಮೋನಿಯಂ ನೈಟ್ರೇಟ್ ಗೊಬ್ಬರಕ್ಕೆ ಹೋಗುತ್ತದೆ. ಉಳಿದದ್ದು ಬಣ್ಣ, ಸ್ಫೋಟಕ, ನೈಲಾನ್‌ನ ಕಚ್ಚಾವಸ್ತುಗಳಿಗೆ. ಪಿಯು ಪ್ರಯೋಗಾಲಯದಲ್ಲಿ ಕ್ಲೋರೈಡ್ ಪರೀಕ್ಷೆಗೆ ಸಿಲ್ವರ್ ನೈಟ್ರೇಟ್ ಹಾಕುವ ಮೊದಲು ದುರ್ಬಲಗೊಳಿಸಿದ ನೈಟ್ರಿಕ್ ಆಮ್ಲ ಬೇಕು. ಅಲ್ಲಿ ಹೈಡ್ರೋಕ್ಲೋರಿಕ್ ಹಾಕಿದರೆ ಅದೇ ಕ್ಲೋರೈಡ್ ತಂದುಕೊಟ್ಟು ಪರೀಕ್ಷೆ ಕೆಡಿಸುತ್ತದೆ.

ಚಿನ್ನದ ಕೆಲಸದಲ್ಲಿ ಇದರ ಪಾತ್ರ ದೊಡ್ಡದು. ಆಭರಣವನ್ನು ಕಪ್ಪು ಒರೆಗಲ್ಲಿನ ಮೇಲೆ ಉಜ್ಜಿ, ಮೂಡಿದ ಗೆರೆಗೆ ಒಂದು ಹನಿ ನೈಟ್ರಿಕ್ ಆಮ್ಲ ಬಿಟ್ಟರೆ ಹಿತ್ತಾಳೆಯ ಗೆರೆ ನೊರೆಯೆದ್ದು ಅಳಿಸಿಹೋಗುತ್ತದೆ. 22 ಕ್ಯಾರಟ್ ಗೆರೆ ಹಾಗೇ ಉಳಿಯುತ್ತದೆ. ತಾಮ್ರ, ಸತು, ಬೆಳ್ಳಿ ಇದರಲ್ಲಿ ಕರಗುತ್ತವೆ, ಚಿನ್ನ ಕರಗುವುದಿಲ್ಲ. ದಪ್ಪ ಲೇಪನದ ಒಡವೆಯನ್ನು ಮೇಲೆ ಮೇಲೆ ಉಜ್ಜಿ ನೋಡಿದರೆ ಈ ಪರೀಕ್ಷೆ ಮೋಸ ಹೋಗುತ್ತದೆ. ಕರಾರುವಾಕ್ಕಾದ ಬೆಲೆ ಕಟ್ಟಲು ಹಾಲ್‌ಮಾರ್ಕಿಂಗ್ ಕೇಂದ್ರಗಳ ಅಗ್ನಿಪರೀಕ್ಷೆಯೇ ಬೇಕು. ಅದರಲ್ಲೂ ಮಾದರಿಗೆ ಬೆಳ್ಳಿ ಸೇರಿಸಿ, ಸೀಸದೊಂದಿಗೆ ಕರಗಿಸಿ, ಕೊನೆಗೆ ಬೆಳ್ಳಿಯನ್ನು ಕುದಿಯುವ ನೈಟ್ರಿಕ್ ಆಮ್ಲದಲ್ಲಿ ಬಿಡಿಸಿ, ಉಳಿದ ಚಿನ್ನವನ್ನು ತೂಗುತ್ತಾರೆ.

ಕೆಲಸಕ್ಕೆ ಇಳಿಯುವ ಮುನ್ನ ಲೇಬಲ್ ಓದಬೇಕು. ಪ್ರಯೋಗಾಲಯದ ಸಾರ ಆಮ್ಲ ಸಾಮಾನ್ಯವಾಗಿ ಶೇ 70ರ ಆಸುಪಾಸಿನದು, ಅಂದರೆ ಸುಮಾರು 15.7 ಮೋಲಾರ್. 2 ಮೋಲಾರ್‌ನ 1 ಲೀಟರ್ ದ್ರಾವಣಕ್ಕೆ ಇದರ 127 ಮಿ.ಲೀ. ಸಾಕು. ಸುಮಾರು 700 ಮಿ.ಲೀ. ನೀರನ್ನು ಮೊದಲು ಬೀಕರಿಗೆ ಹಾಕಿ, ಆಮ್ಲವನ್ನು ಗಾಜಿನ ಕಡ್ಡಿಯ ಮೇಲಿಂದ ಸಣ್ಣಗೆ ಇಳಿಸುತ್ತಾ ಕಲಕಿ, ತಣ್ಣಗಾದ ಮೇಲೆ ಅಳತೆಗೆ ನೀರು ತುಂಬಬೇಕು. ನೀರಿಗೆ ಆಮ್ಲ, ಆಮ್ಲಕ್ಕೆ ನೀರಲ್ಲ. ಇದೆಲ್ಲ ಹೊಗೆ ಎಳೆಯುವ ಫ್ಯೂಮ್ ಹುಡ್‌ನೊಳಗೆ, ಕಣ್ಣಿಗೆ ಅಂಟಿ ಕೂರುವ ಕನ್ನಡಕ ಹಾಕಿಕೊಂಡು ನಡೆಯಬೇಕು. ಆಸ್ಪತ್ರೆಗಳಲ್ಲಿ ಬಳಸುವ ತೆಳು ನೈಟ್ರೈಲ್ ಕೈಗವಸು ಸಾರ ಆಮ್ಲಕ್ಕೆ ಕೆಲವೇ ನಿಮಿಷ ತಡೆಯುತ್ತದೆ. ದಪ್ಪ ಬ್ಯೂಟೈಲ್ ರಬ್ಬರ್ ಅಥವಾ ನಿಯೋಪ್ರೀನ್ ಕೈಗವಸೇ ಲೇಸು. ಚರ್ಮಕ್ಕೆ ತಾಗಿದ ಕಡೆ ಹಳದಿ ಕಲೆ ಮೂಡುವುದು ಚರ್ಮದ ಪ್ರೋಟೀನಿನೊಂದಿಗೆ ಅದು ವರ್ತಿಸಿದ್ದರ ಗುರುತು.

ತಾಮ್ರದ ಚೂರಿನ ಮೇಲೆ ಸಾರ ಆಮ್ಲ ಬಿದ್ದರೆ ಕ್ಷಣದಲ್ಲಿ ಕಂದು ಹೊಗೆ ಏಳುತ್ತದೆ, ಕೆಳಗಿನ ದ್ರಾವಣ ಹಸಿರು-ನೀಲಿಯಾಗುತ್ತದೆ. ಆ ಹೊಗೆಯೇ ನೈಟ್ರೋಜನ್ ಡೈಆಕ್ಸೈಡ್ ಎಂಬ ವಿಷಾನಿಲ. ಇಕ್ಕಟ್ಟಿನ ಕೋಣೆಯಲ್ಲಿ ಕಿಟಕಿ ಮುಚ್ಚಿ ಈ ಆಮ್ಲದಿಂದ ಹಳೆಯ ಚಿನ್ನ ಶುದ್ಧಿ ಮಾಡುವುದು ಒಪ್ಪತಕ್ಕ ಅಭ್ಯಾಸವಲ್ಲ, ಎಷ್ಟೇ ತಲೆಮಾರಿನಿಂದ ನಡೆದು ಬಂದಿದ್ದರೂ ಸರಿ.

ಎಲ್ಲಕ್ಕಿಂತ ಹೆಚ್ಚು ಎಚ್ಚರ ಬೇಕಾದದ್ದು ಸ್ಪಿರಿಟ್, ಅಸಿಟೋನ್‌ಗಳ ವಿಷಯದಲ್ಲಿ. ಅವು ಇರುವ ಬೀರುವಿನಲ್ಲೇ ‘ಆಸಿಡ್ ವಿಭಾಗ’ ಎಂದು ನೈಟ್ರಿಕ್ ಬಾಟಲಿಯನ್ನು ಇಡುವುದು ಸಾಮಾನ್ಯ ತಪ್ಪು. ಅದಕ್ಕಿಂತ ಕೆಟ್ಟದ್ದು, ‘ವೇಸ್ಟ್’ ಎಂದು ಬರೆದ ಒಂದೇ ಡಬ್ಬಕ್ಕೆ ಎಲ್ಲವನ್ನೂ ಸುರಿಯುವುದು. ಸುರಿದ ತಕ್ಷಣ ಏನೂ ಆಗದೆ ಇರಬಹುದು. ಅದೇ ಇದರ ಅಪಾಯ. ಒಳಗೆ ಉತ್ಕರ್ಷಣ ನಿಧಾನವಾಗಿ ಶುರುವಾಗಿ, ಬಿಸಿ ಏರಿದಷ್ಟೂ ವೇಗ ಹೆಚ್ಚುತ್ತದೆ, ಅನಿಲ ತುಂಬುತ್ತದೆ. ಮುಚ್ಚಳ ಬಿಗಿಮಾಡಿದ್ದರೆ ಎಲ್ಲರೂ ಮನೆಗೆ ಹೋದ ಮೇಲೆ ಡಬ್ಬ ಸಿಡಿಯುತ್ತದೆ. ಉಕ್ಕಿನ ಮೇಲ್ಮೈ ಪರೀಕ್ಷೆಗೆ ಲೋಹಶಾಸ್ತ್ರದವರು ಬಳಸುವ ನೈಟಾಲ್ ಕೂಡ ಆಲ್ಕೋಹಾಲಿನಲ್ಲಿ ಬೆರೆಸಿದ ನೈಟ್ರಿಕ್ ಆಮ್ಲವೇ. ಅದನ್ನು ಶೇ 5ರೊಳಗೆ, ಆ ದಿನಕ್ಕೆ ಬೇಕಾದಷ್ಟೇ ಬೆರೆಸಿಕೊಳ್ಳಬೇಕು. ಬಿಗಿ ಮುಚ್ಚಳದ ಬಾಟಲಿಯಲ್ಲಿ ಕೂಡಿಡಬಾರದು. ನೈಟ್ರಿಕ್ ತ್ಯಾಜ್ಯಕ್ಕೆ ಪ್ರತ್ಯೇಕ ಬಾಟಲಿ, ಅದರ ಮೇಲೆ ಪೂರ್ತಿ ಹೆಸರು, ಅನಿಲ ಹೊರಹೋಗುವ ಮುಚ್ಚಳ: ಈ ಮೂರರಲ್ಲಿ ಒಂದನ್ನೂ ಬಿಡುವಂತಿಲ್ಲ.

ನೆಲಕ್ಕೆ ಚೆಲ್ಲಿದಾಗಲೂ ಇದೇ ತರ್ಕ. ಬಟ್ಟೆ, ಕಾಗದ, ಮರದ ಹೊಟ್ಟಿನಿಂದ ಒರೆಸಿದರೆ ಅವು ಬಿಸಿಯೇರಿ ಹೊತ್ತಿಕೊಳ್ಳಬಹುದು. ಒಣ ಮರಳು ಸುರಿದು, ಅಂಚಿನಿಂದ ಒಳಮುಖವಾಗಿ ಅಡುಗೆ ಸೋಡಾ ಉದುರಿಸಿ, ನೊರೆ ನಿಂತ ಮೇಲೆ ತೆಗೆಯಬೇಕು.

ಶೇಖರಣೆಗೆ ಕಂದು ಗಾಜಿನ ಬಾಟಲಿ, ತಂಪು, ಕತ್ತಲ ಜಾಗ. ಬೆಳಕು ತಾಗಿದರೆ ಆಮ್ಲ ಒಡೆದು ಹಳದಿಯಾಗುತ್ತದೆ. ನೀರಿನ ಬಾಟಲಿಗೆ ಎಂದೂ ಸುರಿದಿಡಬಾರದು. 2013ರಲ್ಲಿ ಸುಪ್ರೀಂ ಕೋರ್ಟ್ ಆಮ್ಲಗಳ ಚಿಲ್ಲರೆ ಮಾರಾಟಕ್ಕೆ ಕಡಿವಾಣ ಹಾಕಿ, ಖರೀದಿದಾರರ ಗುರುತಿನ ಚೀಟಿ ಪಡೆದು ವಿವರ ದಾಖಲಿಸಬೇಕೆಂದು, 18 ವರ್ಷದೊಳಗಿನವರಿಗೆ ಮಾರಬಾರದೆಂದು ಆದೇಶಿಸಿದೆ.

ಮೈಗೆ ಅಥವಾ ಕಣ್ಣಿಗೆ ಬಿದ್ದರೆ ಕನಿಷ್ಠ 15 ನಿಮಿಷ ಹರಿಯುವ ನೀರು. ಚರ್ಮಕ್ಕೆ ಸೋಡಾ ಹಚ್ಚಬಾರದು. ಕಂದು ಹೊಗೆ ಉಸಿರಿಗೆ ಸೇರಿದವರಿಗೆ ಆ ಹೊತ್ತಿಗೆ ಬರೀ ಕೆಮ್ಮು ಬಂದು ನಿಲ್ಲಬಹುದು. ಶ್ವಾಸಕೋಶದಲ್ಲಿ ನೀರು ತುಂಬುವುದು ಹಲವು ಗಂಟೆಗಳ ನಂತರ, ಕೆಲವೊಮ್ಮೆ ಮರುದಿನ. ಕೆಮ್ಮು ನಿಂತಿತೆಂದು ಮನೆಗೆ ಕಳಿಸದೆ ಅಂದೇ ಆಸ್ಪತ್ರೆಗೆ ಕರೆದೊಯ್ದು, ‘ನೈಟ್ರಿಕ್ ಆಮ್ಲದ ಹೊಗೆ ಕುಡಿದಿದ್ದಾರೆ’ ಎಂದು ವೈದ್ಯರಿಗೆ ಸ್ಪಷ್ಟವಾಗಿ ತಿಳಿಸಬೇಕು.