ನಮ್ಮ ಲಿಪಿಕಾರರು

ಮಕ್ಕಳೇ, ಕಥೆಗಳಲ್ಲಿ ಮಂತ್ರದ ಅಕ್ಷರ ಬರೆಯುವವರು ಬರ್ತಾರಲ್ಲ? ಕನ್ನಡನಾಡಿನಲ್ಲಿ ನಿಜವಾಗಿಯೂ ಅಂಥವರಿದ್ದರು. ಅವರೇ ಲಿಪಿಕಾರರು. ಒಣಗಿಸಿ ಹದಮಾಡಿದ ತಾಳೆಗರಿಯ ಮೇಲೆ ‘ಕಂಟ’ ಎಂಬ ಕಬ್ಬಿಣದ ಮೊನೆಯಿಂದ ಅಕ್ಷರ ಕೊರೆಯುತ್ತಿದ್ದರು. ಆಗ ಬರಹ ಸರಿಯಾಗಿ ಕಾಣುವುದಿಲ್ಲ. ಮಸಿ ಸವರಿ ಒರೆಸಿದರೆ, ಗೀರಿನಲ್ಲಿ ಕಪ್ಪು ಉಳಿದು ಅಕ್ಷರ ಎದ್ದು ಕಾಣುತ್ತೆ!

ಗರಿಗೆ ಹುಳು, ತೇವ ಎರಡೂ ಶತ್ರು. ಹಾಳಾಗುವ ಮೊದಲೇ ಪ್ರತಿ ಮಾಡದಿದ್ದರೆ ಕಾವ್ಯವೇ ಹೋಯಿತು. ಪೊನ್ನ ಕವಿಯ ‘ಶಾಂತಿಪುರಾಣ’ ಉಳಿಯಲೆಂದು 10ನೇ ಶತಮಾನದಲ್ಲಿ ಅತ್ತಿಮಬ್ಬೆ 1000 ಪ್ರತಿ ಬರೆಸಿದಳು. ಒಂದೊಂದೂ ಕೈಬರಹ! ಅದು ಇಂದಿಗೂ ಇದೆ. ಅದೇ ಕವಿಯ ‘ಭುವನೈಕರಾಮಾಭ್ಯುದಯ’ ಪೂರ್ತಿಯಾಗಿ ಸಿಕ್ಕಿಲ್ಲ.

ವೆಸ್ಟ್ ವಿಂಡ್ಸರ್‌ನಲ್ಲಿ ತಾಳೆಮರ ಇಲ್ಲ, ಪರವಾಗಿಲ್ಲ. ಈ ವಾರ ಅಜ್ಜಿಗೆ ಫೋನ್ ಮಾಡಿ. ಅವರು ಹೇಳುವ ಹಾಡೊಂದನ್ನು ಕನ್ನಡದಲ್ಲೇ ಬರೆದು ಎರಡು ಪ್ರತಿ ಮಾಡಿ. ಒಂದು ನಿಮಗೆ, ಇನ್ನೊಂದು ತಮ್ಮನಿಗೋ ತಂಗಿಗೋ.