ಸೂಜಿಗಿಂತ ಮೊದಲು ಓಆರ್‌ಎಸ್ ಕೇಳಿ

ಎರಡು ವರ್ಷದ ಮಗುವಿಗೆ ನೀರಿನಂಥ ಭೇದಿ. ಮಗುವನ್ನು ಮನೆಯಲ್ಲಿ ಬಿಟ್ಟು ಅಪ್ಪ ಒಬ್ಬನೇ ಔಷಧಕ್ಕೆಂದು ಪಟ್ಟಣದ ಡಾಕ್ಟರ ಬಳಿ ಬರುತ್ತಾನೆ. ಡಾಕ್ಟರು ಏನು ಬರೆದುಕೊಡುತ್ತಾರೆ? ಇದನ್ನು ಕಣ್ಣಾರೆ ನೋಡಬೇಕೆಂದು ಸಂಶೋಧಕರ ತಂಡವೊಂದು ನಮ್ಮ ಕರ್ನಾಟಕ ಮತ್ತು ಬಿಹಾರದ 253 ಪಟ್ಟಣಗಳಲ್ಲಿ ಒಂದು ಉಪಾಯ ಮಾಡಿತು. ತರಬೇತಿ ಕೊಟ್ಟ ನಟರನ್ನು ಪೋಷಕರಂತೆ ಎರಡು ಸಾವಿರಕ್ಕೂ ಹೆಚ್ಚು ಖಾಸಗಿ ವೈದ್ಯರು ಮತ್ತು ಔಷಧ ಅಂಗಡಿಗಳಿಗೆ ಕಳಿಸಿತು. ಫಲಿತಾಂಶ 2024ರ ಫೆಬ್ರುವರಿಯಲ್ಲಿ 'ಸೈನ್ಸ್' ಪತ್ರಿಕೆಯಲ್ಲಿ ಪ್ರಕಟವಾಯಿತು. ಸಿರವಾರ, ಮಾನ್ವಿ, ದೇವದುರ್ಗದ ತಾಯ್ತಂದೆಯರು ಅದನ್ನು ಓದಲೇಬೇಕು ಎಂದು ನನಗನಿಸುತ್ತದೆ, ಏಕೆಂದರೆ ಅದರಲ್ಲಿ ಹೊರಬಿದ್ದ ಗುಟ್ಟು ಡಾಕ್ಟರರಷ್ಟೇ ನಮ್ಮ ಬಾಯಿಗೂ ಸಂಬಂಧಿಸಿದ್ದು.

ಏನೂ ಕೇಳದೆ ಸುಮ್ಮನೆ ಲಕ್ಷಣ ಹೇಳಿದವರಲ್ಲಿ ನೂರಕ್ಕೆ 28 ಮಂದಿಗೆ ಮಾತ್ರ ಓಆರ್‌ಎಸ್, ಅಂದರೆ ನೀರಿನಲ್ಲಿ ಕಲಸಿ ಕುಡಿಸುವ ಉಪ್ಪು-ಗ್ಲುಕೋಸಿನ ಪುಡಿ, ಸಿಕ್ಕಿತು. 'ಹೋದ ಸಲ ಓಆರ್‌ಎಸ್ ಕೊಟ್ಟಿದ್ವಿ, ಅದನ್ನೇ ಕೊಡಬಹುದಾ' ಎಂಬ ಧಾಟಿಯಲ್ಲಿ ಕೇಳಿದವರಲ್ಲಿ ನೂರಕ್ಕೆ 55 ಮಂದಿಗೆ ಸಿಕ್ಕಿತು. ಒಂದೇ ಮಾತಿನಿಂದ ಇಷ್ಟು ವ್ಯತ್ಯಾಸ. ಡಾಕ್ಟರಿಗೆ ಓಆರ್‌ಎಸ್ ಮಹತ್ವ ಗೊತ್ತಿಲ್ಲವೇ? ಗೊತ್ತಿದೆ. ಪುಡಿ ಅಂಗಡಿಯಲ್ಲಿ ಸಿಗುವುದಿಲ್ಲವೇ? ಅದೂ ದೊಡ್ಡ ಕಾರಣವಲ್ಲ. ದುಬಾರಿ ಔಷಧದ ಲಾಭದಾಸೆಯೂ ಎಣಿಸಿದಷ್ಟು ದೊಡ್ಡ ಕಾರಣವಾಗಿರಲಿಲ್ಲ. 'ಇವರಿಗೆ ಓಆರ್‌ಎಸ್ ಬೇಡ, ಜೋರಾದ ಔಷಧ ಬೇಕು' ಎಂದು ಡಾಕ್ಟರರೇ ಊಹಿಸಿಕೊಳ್ಳುತ್ತಿದ್ದರು. ಎಲ್ಲಕ್ಕಿಂತ ದೊಡ್ಡ ಕಾರಣ ಈ ಊಹೆ. ಇತ್ತ ಸುಮಾರು ಅರ್ಧದಷ್ಟು ಪೋಷಕರು ಓಆರ್‌ಎಸ್ಸೇ ಒಳ್ಳೆಯದೆಂದು ನಂಬಿದ್ದರೂ ಬಾಯಿಬಿಟ್ಟು ಕೇಳುವವರು ಕಡಿಮೆ. ನಮ್ಮ ಕಡೆ ಬಾಯಿಗೆ ಬರುವ ಮಾತೇ ಬೇರೆ: 'ಸೂಜಿ ಮಾಡ್ರಿ, ಒಂದು ಬಾಟ್ಲಿ ಏರಿಸ್ರಿ.'

ಸಲಾಯಿನ್ ಬಾಟ್ಲಿ ತಪ್ಪೆಂದು ಹೇಳುತ್ತಿಲ್ಲ. ತೀರಾ ನಿತ್ರಾಣಗೊಂಡ ಮಗುವಿನ ಜೀವ ಉಳಿಸುವುದು ಅದೇ. ಆದರೆ ಕುಡಿಯಬಲ್ಲ ಮಗುವಿಗೆ ಅದರ ಕೆಲಸವನ್ನು ಪುಡಿಯ ನೀರು ಮಾಡುತ್ತದೆ. ಭೇದಿಯಲ್ಲಿ ಕರುಳು ಒಂದೇ ಸಮನೆ ನೀರು ಹೊರಚೆಲ್ಲುತ್ತಿದ್ದರೂ ಉಪ್ಪಿನ ಸೋಡಿಯಂ ಮತ್ತು ಗ್ಲುಕೋಸನ್ನು ಜೋಡಿಯಾಗಿ ಒಳಗೆಳೆದುಕೊಳ್ಳುವ ಅದರ ಶಕ್ತಿ ಸಾಮಾನ್ಯವಾಗಿ ಉಳಿದಿರುತ್ತದೆ. ಆ ಜೋಡಿಯ ಹಿಂದೆಯೇ ನೀರೂ ಒಳಹೋಗುತ್ತದೆ. ಬರೀ ನೀರು ಕುಡಿಸಿದರೆ ಹೀಗಾಗುವುದಿಲ್ಲ. ಸಕ್ಕರೆ ವಿಪರೀತವಾದರೆ ಭೇದಿ ಇನ್ನೂ ಹೆಚ್ಚುತ್ತದೆ. 1971ರಲ್ಲಿ ಬಂಗಾಳದ ಬನಗಾಂವ್ ನಿರಾಶ್ರಿತರ ಶಿಬಿರದಲ್ಲಿ ಕಾಲರಾ ಹಬ್ಬಿ ಸಲಾಯಿನ್ ಬಾಟ್ಲಿಗಳು ಮುಗಿದುಹೋದಾಗ ಡಾ. ದಿಲೀಪ್ ಮಹಲನಬೀಸ್ ಉಪ್ಪು-ಗ್ಲುಕೋಸಿನ ನೀರನ್ನು ಡ್ರಮ್ಮುಗಳಲ್ಲಿಟ್ಟು ಮನೆಯವರ ಕೈಯಿಂದಲೇ ಕುಡಿಸಿದರು. ನೂರಕ್ಕೆ ಸುಮಾರು 30ರಷ್ಟಿದ್ದ ಸಾವು 4ಕ್ಕಿಂತ ಕೆಳಗಿಳಿಯಿತು. (ನಮ್ಮ ಸಿಂಧನೂರಿನ ಆರ್.ಎಚ್. ಪುನರ್ವಸತಿ ಕ್ಯಾಂಪುಗಳಲ್ಲಿ ನೆಲೆನಿಂತ ಬಂಗಾಳಿ ಮನೆತನಗಳ ಹಿರಿಯರಿಗೆ ಆ ಕಾಲದ ಶಿಬಿರಗಳ ನೆನಪಿದ್ದೀತು.) 2023ರಲ್ಲಿ ಡಾ. ಮಹಲನಬೀಸರಿಗೆ ಮರಣೋತ್ತರವಾಗಿ ಪದ್ಮವಿಭೂಷಣ ಬಂತು.

ಕುಡಿಸುವ ರೀತಿಯಲ್ಲೇ ಹಲವರು ಸೋಲುತ್ತಾರೆ. ದೊಡ್ಡ ಪೊಟ್ಟಣ ಒಂದು ಲೀಟರಿಗೆ, ಚಿಕ್ಕದು 200 ಮಿಲಿಲೀಟರಿಗೆ. ಪೊಟ್ಟಣದ ಮೇಲೆ ಬರೆದಿರುತ್ತದೆ. ಅರ್ಧ ಪೊಟ್ಟಣ ಒಂದು ಲೋಟಕ್ಕೆ ಎಂಬ ಅಂದಾಜು ಬೇಡ. ಉಪ್ಪು ಹೆಚ್ಚಾದರೆ ಅಪಾಯ. ಕುದಿಸಿ ಆರಿಸಿದ ನೀರಿನಲ್ಲಿ ಕಲಸಿ, ಮುಚ್ಚಿಟ್ಟು, 24 ಗಂಟೆಯ ಮೇಲೆ ಉಳಿದದ್ದನ್ನು ಚೆಲ್ಲಿ. ಎರಡು ವರ್ಷದೊಳಗಿನ ಮಗುವಿಗೆ ಪ್ರತಿ ಭೇದಿಯ ನಂತರ 50ರಿಂದ 100 ಮಿಲಿಲೀಟರ್, ದೊಡ್ಡ ಮಕ್ಕಳಿಗೆ ಅದರ ದುಪ್ಪಟ್ಟು. ವಾಂತಿಯಾದರೆ 'ನೀರು ಸಹ ನಿಲ್ಲವಲ್ಲದು' ಎಂದು ಕೈಬಿಡಬೇಡಿ. ಹತ್ತು ನಿಮಿಷ ಬಿಟ್ಟು, ಎರಡು-ಮೂರು ನಿಮಿಷಕ್ಕೊಂದು ಚಮಚದಂತೆ ಮತ್ತೆ ಶುರುಮಾಡಿ. ಎದೆಹಾಲು ನಿಲ್ಲಿಸಬಾರದು. ಊಟವನ್ನೂ ನಿಲ್ಲಿಸಬಾರದು: ಮೆತ್ತನ್ನ ಅನ್ನ, ಬೇಳೆಕಟ್ಟು, ಮಜ್ಜಿಗೆ, ಮಗುವಿಗೆ ರೂಢಿಯಿದ್ದರೆ ಜೋಳದ ಅಂಬಲಿ. ಹೊಟ್ಟೆ ಖಾಲಿ ಬಿಟ್ಟರೆ ಭೇದಿ ನಿಲ್ಲುತ್ತದೆ ಎಂಬ ಅಜ್ಜಿಯ ಮಾತನ್ನು ಇದೊಂದು ವಿಷಯದಲ್ಲಿ ವಿನಯದಿಂದಲೇ ಮೀರಬೇಕು.

ಒಂದು ಎಚ್ಚರಿಕೆ. ಹಣ್ಣಿನ ರುಚಿಯ ಸಿಹಿ ಪಾನೀಯಗಳು ಬಹಳ ವರ್ಷ ಹೆಸರಿನಲ್ಲಿ 'ಓಆರ್‌ಎಸ್' ಎಂಬ ಅಕ್ಷರ ಹೊತ್ತು ಔಷಧ ಅಂಗಡಿಗಳಲ್ಲೇ ಮಾರಾಟವಾದವು. ಹೈದರಾಬಾದಿನ ಮಕ್ಕಳ ತಜ್ಞೆ ಡಾ. ಶಿವರಂಜನಿ ಸಂತೋಷ್ ವರ್ಷಗಟ್ಟಲೆ ಇದರ ವಿರುದ್ಧ ಹೋರಾಡಿದರು. ಕಡೆಗೆ 2025ರ ಅಕ್ಟೋಬರಿನಲ್ಲಿ ಕೇಂದ್ರದ ಆಹಾರ ಸುರಕ್ಷತಾ ಪ್ರಾಧಿಕಾರ ಆಹಾರ-ಪಾನೀಯಗಳ ಮೇಲೆ ಆ ಹೆಸರು ಬಳಸದಂತೆ ಆದೇಶಿಸಿತು. ಹಳೆಯ ದಾಸ್ತಾನು ಎಲ್ಲಾದರೂ ಕಂಡೀತು. ವಿಶ್ವ ಆರೋಗ್ಯ ಸಂಸ್ಥೆಯ ಸೂತ್ರ ಎಂದು ಬರೆದಿರುವ ಪೊಟ್ಟಣವನ್ನೇ ಕೇಳಿ ಪಡೆಯಿರಿ. ಆಶಾ ಕಾರ್ಯಕರ್ತೆಯ ಬಳಿ ಅದು ಉಚಿತ.

ಆಕೆಯ ಬಳಿಯೇ ಜಿಂಕ್ ಗುಳಿಗೆಯೂ ಸಿಗುತ್ತದೆ. ಭೇದಿ ಮೂರನೇ ದಿನಕ್ಕೆ ನಿಂತರೂ 14 ದಿನ ಕೊಡಬೇಕು. ಆರು ತಿಂಗಳು ದಾಟಿದ ಮಗುವಿಗೆ ದಿನಕ್ಕೆ 20 ಮಿಲಿಗ್ರಾಂ, ಎರಡರಿಂದ ಆರು ತಿಂಗಳ ಕೂಸಿಗೆ ಅದರರ್ಧ. ಇದನ್ನು ನುಂಗಿ ಮಕ್ಕಳು ಕಾರಿಕೊಳ್ಳುವುದುಂಟು. ಭಾರತ ಮತ್ತು ತಾಂಜಾನಿಯಾದ 4,500 ಮಕ್ಕಳ ಮೇಲೆ ನಡೆದು 2020ರಲ್ಲಿ ಪ್ರಕಟವಾದ ಅಧ್ಯಯನದಲ್ಲಿ 5 ಅಥವಾ 10 ಮಿಲಿಗ್ರಾಂ ಕೂಡ 20ರಷ್ಟೇ ಫಲ ಕೊಟ್ಟಿತು, ವಾಂತಿಯೂ ಕಡಿಮೆಯಾಯಿತು. ಹಾಗೆಂದು ನೀವೇ ಗುಳಿಗೆ ಮುರಿಯಬೇಡಿ. ಮಗು ಪ್ರತಿಸಲ ಕಾರುತ್ತಿದ್ದರೆ ಡಾಕ್ಟರಿಗೆ ಹೇಳಿ.

ಇನ್ನು ಆ 'ಜೋರಾದ ಔಷಧ', ಅಂದರೆ ಆ್ಯಂಟಿಬಯೋಟಿಕ್. ಭಾರತವೂ ಸೇರಿ ಏಳು ದೇಶಗಳಲ್ಲಿ, ಅಪಾಯ ಹೆಚ್ಚಿರುವ ಎರಡು ವರ್ಷದೊಳಗಿನ ಎಂಟು ಸಾವಿರಕ್ಕೂ ಹೆಚ್ಚು ಮಕ್ಕಳನ್ನು ಸೇರಿಸಿಕೊಂಡು ನೀರುಭೇದಿಯಲ್ಲಿ ಅಜಿಥ್ರೊಮೈಸಿನ್ ಪರೀಕ್ಷಿಸಿದ ಪ್ರಯೋಗದ ಫಲಿತಾಂಶ 2021ರಲ್ಲಿ ಬಂತು. ಓಆರ್‌ಎಸ್ ಮತ್ತು ಜಿಂಕ್ ಜೊತೆಗೆ ಅದನ್ನು ಸೇರಿಸಿದ್ದರಿಂದ ಮುಂದಿನ ಆರು ತಿಂಗಳಲ್ಲಿ ಸಾವು ಕಡಿಮೆಯಾಗಲಿಲ್ಲ. ಮಲದಲ್ಲಿ ರಕ್ತವಿದ್ದರೆ, ಕಾಲರಾ ಶಂಕೆಯಿದ್ದರೆ ಮಾತು ಬೇರೆ. ಅದನ್ನು ವೈದ್ಯರು ತೀರ್ಮಾನಿಸಲಿ. ದೊಡ್ಡವರು ಭೇದಿ ನಿಲ್ಲಲೆಂದು ನುಂಗುವ ಗುಳಿಗೆಯನ್ನಂತೂ ಮಕ್ಕಳಿಗೆ ಕೊಡಲೇಬಾರದು.

ಕಣ್ಣು ಒಳಗಿಳಿದರೆ, ಮಗು ಕುಡಿಯಲಾರದಷ್ಟು ಮಂಕಾದರೆ, ಹೊಟ್ಟೆಯ ಚರ್ಮ ಚಿವುಟಿ ಬಿಟ್ಟಾಗ ನಿಧಾನವಾಗಿ ಹಿಂದಿರುಗಿದರೆ, ಆರು ತಾಸು ಉಚ್ಚೆ ಹೊಯ್ಯದಿದ್ದರೆ, ಕುಡಿದದ್ದೆಲ್ಲ ಕಾರಿದರೆ, ಮಲದಲ್ಲಿ ರಕ್ತ ಕಂಡರೆ, ಅಥವಾ ಕೂಸಿಗೆ ಎರಡು ತಿಂಗಳೂ ತುಂಬಿರದಿದ್ದರೆ, ಕಾಯಬೇಡಿ. 108ಕ್ಕೆ ಫೋನು ಮಾಡಿ ಸರ್ಕಾರಿ ಆಸ್ಪತ್ರೆಗೆ ಹೊರಡಿ. ಕುಡಿಯುವಷ್ಟು ಎಚ್ಚರವಿದ್ದರೆ ದಾರಿಯುದ್ದಕ್ಕೂ ಚಮಚದಲ್ಲಿ ಓಆರ್‌ಎಸ್ ಕುಡಿಸುತ್ತಾ ಹೋಗಿ.

ಭೇದಿಯ ದೊಡ್ಡ ಕಾರಣಗಳಲ್ಲೊಂದಾದ ರೋಟಾವೈರಸ್ಸಿಗೆ ಲಸಿಕೆಯಿದೆ: ಆರು, ಹತ್ತು, ಹದಿನಾಲ್ಕನೇ ವಾರದಲ್ಲಿ ಬಾಯಿಗೆ ಹಾಕುತ್ತಾರೆ, ಉಚಿತ. ಇದರ ಹಿಂದೆ ಬೆಂಗಳೂರಿನದೂ ಒಂದು ಕಥೆಯಿದೆ. ಭಾರತೀಯ ವಿಜ್ಞಾನ ಸಂಸ್ಥೆಯ ಸಿ. ದುರ್ಗಾ ರಾವ್ ಅವರ ತಂಡಕ್ಕೆ ನಗರದ ನವಜಾತ ಶಿಶುಗಳಲ್ಲಿ ಭೇದಿಯನ್ನೇ ಉಂಟುಮಾಡದ ರೋಟಾವೈರಸ್ ಸಿಕ್ಕಿತು. ಅದು ದನಗಳ ವೈರಸ್ಸಿಗೆ ಹತ್ತಿರದ್ದು. ಐ321 ಎಂಬ ಆ ತಳಿಯನ್ನು ದೆಹಲಿಯ 116ಇ ತಳಿಯ ಜೊತೆ ಲಸಿಕೆಗಾಗಿ ಪರೀಕ್ಷಿಸಿದಾಗ ದೆಹಲಿಯದು ಹೆಚ್ಚು ರೋಗನಿರೋಧ ಹುಟ್ಟಿಸಿ ಗೆದ್ದಿತು. ರೋಟಾವ್ಯಾಕ್ ಲಸಿಕೆ ತಯಾರಾದದ್ದು ಅದರಿಂದ.

ಉಳಿದದ್ದು ನೀರು. 2022ರ ಬೇಸಿಗೆಯ ಕೊನೆಗೆ ರಾಯಚೂರು ನಗರದಲ್ಲಿ ನಲ್ಲಿ ನೀರು ಕೆಟ್ಟು ಸಾವುಗಳಾದವು; ಮರುವರ್ಷ ಮೇ ತಿಂಗಳಲ್ಲಿ ದೇವದುರ್ಗ ತಾಲ್ಲೂಕಿನ ರೇಕಲಮರಡಿಯಲ್ಲಿ ವಾಂತಿಭೇದಿ. ಕಾಲುವೆ ಬಂದಾಗಿ ಕೆರೆಯ ತಳದ ನೀರು ಬಳಸುವ ದಿನಗಳು ಮತ್ತು ಒಡೆದ ಪೈಪಿಗೆ ಚರಂಡಿ ಸೇರುವ ಮೊದಲ ಮಳೆಯ ದಿನಗಳು ಕೆಟ್ಟವು. ಟ್ಯಾಂಕಿಗೆ ಕ್ಲೋರಿನ್ ಹಾಕಿದರು ಎಂದ ಮಾತ್ರಕ್ಕೆ ನಿಶ್ಚಿಂತೆ ಬೇಡ. ತುಂಗಭದ್ರಾ ಎಡದಂಡೆಯ ನೀರು ಸಿರವಾರದ ಕೊನೆಭಾಗದ ಹೊಲ ಮುಟ್ಟುವಾಗ ಎಷ್ಟು ಉಳಿದಿರುತ್ತದೆಂದು ರೈತರಿಗೆ ಗೊತ್ತು; ಕ್ಲೋರಿನ್ನೂ ಹಾಗೆಯೇ, ಕೊನೆಯ ಮನೆಯ ನಲ್ಲಿಗೆ ಬರುವಾಗ ಲೀಟರಿಗೆ ಕನಿಷ್ಠ 0.2 ಮಿಲಿಗ್ರಾಂ ಉಳಿದಿರಬೇಕು. ಕುದಿಸಿದರೆ ರೋಗಾಣು ಸಾಯುತ್ತವೆ. ಕೊಳವೆಬಾವಿಯ ಫ್ಲೋರೈಡ್ ಹೋಗುವುದಿಲ್ಲ, ನೀರು ಇಂಗಿದಷ್ಟು ಅದು ಗಟ್ಟಿಯಾಗುತ್ತದೆ. ಅದಕ್ಕೆ ಶುದ್ಧ ನೀರಿನ ಘಟಕದ ನೀರೇ ಆಗಬೇಕು, ತರುವ ಕ್ಯಾನು ತೊಳೆದಿರಬೇಕು.

ನೀರಿನ ಪರೀಕ್ಷೆ ಕಷ್ಟದ್ದಲ್ಲ. ಗ್ವಾಲಿಯರಿನ ರಕ್ಷಣಾ ಪ್ರಯೋಗಾಲಯದ ಕೆ.ಎಸ್. ಮಂಜ ಮತ್ತು ಸಂಗಡಿಗರು 1982ರಲ್ಲಿ ಪ್ರಕಟಿಸಿದ ಬಾಟಲಿ ವಿಧಾನ ಇಂದಿಗೂ ಬಳಕೆಯಲ್ಲಿದೆ. ಪರೀಕ್ಷೆಗೆಂದೇ ಸಿದ್ಧಪಡಿಸಿದ ಬಾಟಲಿಗೆ ತುಂಬಿ ಬೆಚ್ಚಗಿನ ಜಾಗದಲ್ಲಿ ಒಂದೆರಡು ದಿನ ಇಟ್ಟ ನೀರು ಕಪ್ಪಾದರೆ ಅದಕ್ಕೆ ಮಲದ ಸೋಂಕು ತಗುಲಿದೆಯೆಂದು ಶಂಕಿಸಬೇಕು. ಜಲಜೀವನ್ ಮಿಷನ್ನಿನಡಿ ಊರಿಗೆ ಐವರು ಮಹಿಳೆಯರಿಗೆ ನೀರು ಪರೀಕ್ಷೆಯ ತರಬೇತಿ ಕೊಡುವ ವ್ಯವಸ್ಥೆಯಿದೆ. ನಿಮ್ಮೂರಿನಲ್ಲಿ ಆ ಐವರು ಯಾರು, ನಿಮ್ಮ ಓಣಿಯ ಕೊನೆಯ ನಲ್ಲಿಯ ನೀರು ಕಡೆಯ ಸಲ ಪರೀಕ್ಷೆಯಾದದ್ದು ಯಾವಾಗ, ಬಾಟಲಿ ಕಪ್ಪಾಯಿತೇ ಎಂಬುದನ್ನು ಪಂಚಾಯಿತಿಯಲ್ಲಿ ಕೇಳಬಹುದು.